ಜನರಲ್ ಮೇಲೆ ಬಿದ್ದ ಶಾಮಿಯಾನ

ಅರಿಶಿನಕುಂಟೆ

ನಮ್ಮ ಕಡೆಯಿಂದ ಪರದೇಶಕ್ಕೆ ಹೋದವರಲ್ಲಿ ಓದುವುದಕ್ಕೆ ಹೋದವರಿದ್ದಾರೆ, ಮಗಳ ಬಾಣಂತನಕ್ಕೆ ಹೋದವರಿದ್ದಾರೆ, ಸುಮ್ಮನೆ ಸುತ್ತಾಡಿ ಫೋಟೋ ಹೊಡೆಸಿಕೊಂಡು ಬಂದವರೂ ಇದ್ದಾರೆ. ಕಂಬ ನೆಡುವುದಕ್ಕೆ ಹೋದವನು ನಾನೊಬ್ಬನೇ ಇರಬೇಕು.

ಅರಿಶಿನಕುಂಟೆಯ ಹೆದ್ದಾರಿ ಪಕ್ಕದಲ್ಲಿ ನನ್ನದೊಂದು ಶಾಮಿಯಾನದ ಅಂಗಡಿ. ಮದುವೆ, ನಾಮಕರಣ, ತಿಥಿ, ಪಕ್ಷದ ಸಮಾವೇಶ, ಆ ಪಕ್ಷ ಬಿಟ್ಟುಬಂದವರ ಸಮಾವೇಶ, ಯಾವುದಕ್ಕೆ ಕರೆದರೂ ಹೋಗಿ ಕಂಬ ನೆಟ್ಟು, ಬಟ್ಟೆ ಎಳೆದು ಕಟ್ಟಿ, ಕುರ್ಚಿ ಜೋಡಿಸಿ ಕೊಡುವುದು ಕಸುಬು. ಕೆಳಗೆ ಯಾರು ಕೂರುತ್ತಾರೆ, ಏನು ಮಾತಾಡುತ್ತಾರೆ ಎನ್ನುವುದು ನಮಗೆ ಸಂಬಂಧಪಟ್ಟದ್ದಲ್ಲ. ನಮ್ಮ ಒಂದು ಕಣ್ಣು ಬಟ್ಟೆಯ ಮೇಲೆ, ಇನ್ನೊಂದು ಕಣ್ಣು ಗಾಳಿಯ ಮೇಲೆ.

ಒಂದು ದಿನ ಬೆಳಿಗ್ಗೆ ಭಾವನ ಫೋನು ಬಂತು. ಭಾವ ಅಂದರೆ ನಮ್ಮ ಸರೋಜಕ್ಕನ ಗಂಡ ಹನುಮಂತರಾಯಪ್ಪ, ಕುಂದಾಣದವರು. ಬೋರ್‌ವೆಲ್ ಲಾರಿಯ ಜೊತೆ ಕೆಲಸಕ್ಕೆಂದು ಕೊರಾಂಬ ಎನ್ನುವ ದ್ವೀಪದ ದೇಶಕ್ಕೆ ಹೋಗಿದ್ದರು. ಅಲ್ಲಿ ಎಷ್ಟು ಆಳ ಕೊರೆದರೂ ಉಪ್ಪುನೀರೇ ಬಂತಂತೆ. ಲಾರಿಯವರು ವಾಪಸು ಬಂದರು, ಭಾವ ಬರಲಿಲ್ಲ. ಬಂದರಿನ ಹತ್ತಿರ ಕ್ಯಾಂಟೀನು ಹಾಕಿ, ಅಕ್ಕನನ್ನೂ ಕರೆಸಿಕೊಂಡು, ಈಗ ದೊಡ್ಡ ದೊಡ್ಡ ಪಾರ್ಟಿಗಳಿಗೆ ಅಡುಗೆ ಒಪ್ಪಿಕೊಳ್ಳುವ ಮಟ್ಟಕ್ಕೆ ಬಂದಿದ್ದಾರೆ.

"ಲೇ ಮುನಿರಾಜ, ಪಾಸ್‌ಪೋರ್ಟ್ ಐತೇನೋ?" ಅಂದರು.

"ಐತೆ ಭಾವ. ಕಾಶಿಗೋಗಕ್ಕೆ ಬೇಕಾಯ್ತದೆ ಅಂತ ಯಾರೋ ಅಂದ್ರು, ಮಾಡಿಸ್ಕಂಡೆ. ಅಲ್ಲಿ ಒಬ್ರೂ ಕೇಳ್ಲಿಲ್ಲ."

"ಹಂಗಾದ್ರೆ ಹೊರಟು ಬಾ. ದೊಡ್ಡ ಪಾರ್ಟಿ ಒಪ್ಕಂಡಿದೀನಿ. ಇಲ್ಲಿ ನಮ್ ಟೆಂಟಿನೋನು ಕ್ರಾಂತಿಗೆ ಸೇರ್ಕಂಡ ಅಂತ ಜೈಲಿಗಾಕವ್ರೆ."

"ಕ್ರಾಂತಿ ಅಂದ್ರೆ ಯಾವ್ದು ಭಾವ, ಸಂಘವಾ?"

"ಮೊದ್ಲು ಬಾರೋ. ಬಂದ್ಮೇಲೆ ತಿಳೀತದೆ."

ಪಾರ್ಟಿ ಕೊಡುತ್ತಿದ್ದದ್ದು ಒಂದು ದೊಡ್ಡ ದೇಶದ ರಾಯಭಾರ ಕಚೇರಿ. ಆ ದೇಶದ ಹೆಸರು ಬರೆಯುವುದಿಲ್ಲ, ಮುಂದೆ ಯಾವತ್ತಾದರೂ ವೀಸಾ ಬೇಕಾದೀತು. ಬರೆಯದಿದ್ದರೂ ನಿಮಗೆ ಗೊತ್ತಾಗುತ್ತದೆ. ನಮ್ಮ ಹಳ್ಳಿಗಳಲ್ಲಿ ದೊಡ್ಡಮನೆ ಅಂತ ಒಂದು ಇರುತ್ತದಲ್ಲ? ಯಾರ ಹೊಲದ ಬದು ಜಗಳವಾದರೂ, ಯಾರ ಮನೆ ಪಾಲಾದರೂ, ಕರೆದರೂ ಕರೆಯದಿದ್ದರೂ ಬಂದು ಜಗುಲಿಯ ಮೇಲೆ ಕೂತು "ಏನ್ರಪ್ಪಾ ನಿಮ್ದು?" ಎಂದು ಕೇಳುವ ಮನೆ. ಭಾವ ಆ ದೇಶವನ್ನು ದೊಡ್ಡಮನೆ ಎಂದೇ ಕರೆಯುವುದು. ನಾನೂ ಹಾಗೇ ಕರೆಯುತ್ತೇನೆ.

ನಡುವಿನ ವಿಮಾನ ನಿಲ್ದಾಣ

ವಿಮಾನ ಬದಲಿಸುವ ಕಡೆ ನನ್ನ ಕೈಚೀಲದಲ್ಲಿ ದಬ್ಬಳ ಸಿಕ್ಕಿತು. ಹರಿದ ಶಾಮಿಯಾನ ಹೊಲಿಯುವ ದೊಡ್ಡ ಸೂಜಿ ಅದು. ಸಮವಸ್ತ್ರದವನು ಅದನ್ನು ಎತ್ತಿ ಹಿಡಿದು ಏನಿದು ಅಂದ. ಹರಿದದ್ದನ್ನು ಹೊಲಿಯುವುದಕ್ಕೆ ಎಂದು ಕೈಯಲ್ಲಿ ತೋರಿಸಿದೆ. "ಡಾಕ್ಟರಾ?" ಅಂದ. ಪರದೇಶದಲ್ಲಿ ಯಾರು ಏನು ಕೇಳಿದರೂ ಯೆಸ್ ಅನ್ನು ಎಂದು ಹೆಂಡತಿ ಹೇಳಿ ಕಳಿಸಿದ್ದಳು. ಯೆಸ್ ಅಂದೆ. ಅವನು ದಬ್ಬಳವನ್ನೂ ನನ್ನ ಮುಖವನ್ನೂ ನೋಡಿ, ನನ್ನ ರೋಗಿಗಳನ್ನು ನೆನೆದು ಕನಿಕರಪಟ್ಟು, ದಬ್ಬಳವನ್ನು ಬುಟ್ಟಿಗೆ ಹಾಕಿ ಕಳಿಸಿದ.

ಬಂದರಿನ ಕ್ಯಾಂಟೀನು

ಕೊರಾಂಬದಲ್ಲಿ ಇಳಿದರೆ ಮೊದಲು ಕಾಣುವುದು ಆ ದೇಶ ಆಳುವ ಜನರಲ್ ಫೋಟೋ. ಗೋಡೆಯ ಮೇಲೆ, ಬಸ್ಸಿನ ಮೇಲೆ, ನೀರಿನ ಬಾಟಲಿಯ ಮೇಲೆ. ಫ್ಲೆಕ್ಸ್ ನಮ್ಮಲ್ಲೂ ಇವೆ, ನನಗೇನೂ ಹೊಸದಲ್ಲ. ಆದರೆ ನಮ್ಮಲ್ಲಿ ನಾಯಕರ ಕೆಳಗೆ ಸಾಲಾಗಿ ಮರಿ ನಾಯಕರು, ಅವರ ಭಾವಮೈದಂದಿರು, ಕೂಸುಮರಿಗಳು ಎಲ್ಲರೂ ಇರುತ್ತಾರೆ. ಮದುವೆ ಫೋಟೋ ಇದ್ದ ಹಾಗೆ ತುಂಬಿಕೊಂಡಿರುತ್ತದೆ. ಇಲ್ಲಿ ಇವರೊಬ್ಬರೇ. ನೋಡಿದರೆ ಪಾಪ ಅನ್ನಿಸುತ್ತದೆ.

ಅಂಗಡಿಗಳಲ್ಲಿ ಜನರಲ್ ಫೋಟೋವನ್ನು ಗೋಡೆಗೆ ಮೊಳೆ ಹೊಡೆದು ಹಾಕುವುದಿಲ್ಲ, ದಾರದಲ್ಲಿ ತೂಗುಹಾಕುತ್ತಾರೆ. ಚೌಕಟ್ಟಿನ ಹಿಂಬದಿಯಲ್ಲಿ ಇನ್ನೊಬ್ಬರ ಫೋಟೋ ಇರುತ್ತದೆ: ಗಡ್ಡ, ಕನ್ನಡಕ. ಗುಡ್ಡಗಳಲ್ಲಿ ಕೂತು ಕ್ರಾಂತಿ ನಡೆಸುತ್ತಿರುವವರು. ಮೊದಲು ಸ್ಕೂಲಿನಲ್ಲಿ ಲೆಕ್ಕ ಹೇಳಿಕೊಡುತ್ತಿದ್ದರಂತೆ, ಅದಕ್ಕೇ ಮೇಷ್ಟ್ರು ಎಂದು ಕರೆಯುತ್ತಾರೆ. ಪೊಲೀಸ್ ಜೀಪು ಬಂದರೆ ಜನರಲ್, ಜೀಪು ಹೋದರೆ ಮೇಷ್ಟ್ರು. ಗಾಳಿ ಬೀಸಿದ ದಿನ ಚೌಕಟ್ಟುಗಳು ಗಿರಗಿರ ತಿರುಗುತ್ತವೆ. ಅಂಗಡಿಯವರು ವ್ಯಾಪಾರ ಬಿಟ್ಟು ಅವನ್ನು ಹಿಡಿದುಕೊಂಡು ನಿಂತಿರುತ್ತಾರೆ.

"ಇಬ್ರನ್ನೂ ಓದ್ಸಿದ್ದು ದೊಡ್ಡಮನೇನೆ," ಎಂದರು ಭಾವ. "ಜನರಲ್‌ಗೆ ಗನ್ ಹೊಡ್ಯೋದು ಕಲ್ಸಿದ್ರು, ಮೇಷ್ಟ್ರಿಗೆ ಭಾಷಣ ಮಾಡೋದು ಕಲ್ಸಿದ್ರು. ಈಗ ಇವ್ರಿಗೆ ಗುಂಡು ಕೊಡ್ತಾರೆ, ಅವ್ರಿಗೆ ರೇಡಿಯೋ ಕೊಡ್ತಾರೆ."

"ಯಾಕೆ ಭಾವ ಇಬ್ರಿಗೂ?"

"ನಾಳೆ ಯಾರ್ ಗೆದ್ರೂ ಫೋನ್ ಮಾಡಿ ಕಂಗ್ರಾಜುಲೇಷನ್ಸ್ ಅನ್ಬೇಕಲ್ಲೋ!"

ಕ್ಯಾಂಟೀನಿನಲ್ಲಿ ಮೇಜಿನ ಬಟ್ಟೆಗಳಿಗೆ ಇಸ್ತ್ರಿ ಹಾಕುತ್ತಿದ್ದ ಹೆಂಗಸು ಲೂಸಿಯಾ. ಆ ಊರಿನವಳೇ. ಅಕ್ಕನ ಜೊತೆ ಕೆಲಸ ಮಾಡಿ ಮಾಡಿ ಕನ್ನಡ ಕಲಿತಿದ್ದಾಳೆ. ಕಲಿತದ್ದು ಅಕ್ಕನ ಕನ್ನಡವಾದ್ದರಿಂದ, ಕಣ್ಣು ಮುಚ್ಚಿಕೊಂಡು ಕೇಳಿದರೆ ದೇವನಹಳ್ಳಿ ಸಂತೆಯಲ್ಲಿ ನಿಂತ ಹಾಗಾಗುತ್ತದೆ. "ಬಂದ್ಯಾ ಅಣ್ಣಾ? ಕುಂತ್ಕೋ, ಬಿಸ್ನೀರು ಕಾಯ್ಸಿವ್ನಿ" ಎಂದಾಗ ನನ್ನ ಪ್ರಯಾಣದ ಸುಸ್ತೆಲ್ಲ ಇಳಿದುಹೋಯಿತು.

ಜೈಲಿನಲ್ಲಿದ್ದ ಟೆಂಟಿನವನು ಅವಳ ತಮ್ಮ, ಮಾತೆಯೊ.

"ಕ್ರಾಂತಿನೂ ಇಲ್ಲ, ಎಂತದೂ ಇಲ್ಲಣ್ಣ," ಎಂದಳು. "ಜನರಲ್ ಹುಟ್ದಬ್ಬ ಇತ್ತು. ಗಾಳಿ ಬಂತು. ಟೆಂಟು ಎದ್ಬುಟ್ಟು ಜನರಲ್ ಮ್ಯಾಲೆ ಬಿತ್ತು. ಅವ್ರು ಕೇಕ್ ಮ್ಯಾಲೆ ಬಿದ್ರು."

ಅಷ್ಟೇ ಆಗಿದ್ದರೆ ಬೈದು ಬಿಡುತ್ತಿದ್ದರೇನೋ. ಆದರೆ ಅವತ್ತು ಸಂಜೆಯೇ ಮೇಷ್ಟ್ರ ರೇಡಿಯೋದಲ್ಲಿ ಸುದ್ದಿ ಬಂತು: ಸರ್ವಾಧಿಕಾರಿಯ ಮೇಲೆ ಕ್ರಾಂತಿಯ ಮೊದಲ ಏಟು ಬಿದ್ದಿದೆ, ಅದನ್ನು ಕೊಟ್ಟ ವೀರ ಮಾತೆಯೊ. ಜನರಲ್ ಅದನ್ನು ಕೇಳಿಸಿಕೊಂಡು, ಓಹೋ ಹೀಗೋ ಎಂದು ಮಾತೆಯೊನನ್ನು ಎಳೆದುಕೊಂಡು ಹೋಗಿ ಬಂದರಿನ ಕೋಟೆಯೊಳಗೆ ಹಾಕಿದರು. ಅಲ್ಲಿಂದಾಚೆ ಗುಡ್ಡದವರಿಗೆ ಜೈಲಿನಲ್ಲಿರುವ ವೀರ ಬೇಕು, ಅರಮನೆಯವರಿಗೆ ಸಿಕ್ಕಿಬಿದ್ದ ಸಂಚುಕೋರ ಬೇಕು.

"ಇಬ್ರೂ ಒಂದೇ ಮಾತ್ ಹೇಳ್ತಾವ್ರೆ," ಎಂದಳು ಲೂಸಿಯಾ, ಇಸ್ತ್ರಿ ಪೆಟ್ಟಿಗೆಯನ್ನು ಪಕ್ಕಕ್ಕಿಟ್ಟು. "ಗಾಳಿ ಅಂತ ಹೇಳೋಳು ನಾನೊಬ್ಳೇಯ."

ದಿನಾ ಬೆಳಿಗ್ಗೆ ಕೋಟೆಯ ಬಾಗಿಲಿಗೆ ಹೋಗುತ್ತಾಳಂತೆ. "ಬಿಡಿ ಅಂತ ಕೇಳಲ್ಲ ಅಣ್ಣಾ. ಬದ್ಕವ್ನೋ ಇಲ್ವೋ, ಅಷ್ಟ್ ಹೇಳಿ ಅಂತೀನಿ. ನಾಳೆ ಬಾ ಅಂತಾರೆ."

ಶಾಮಿಯಾನ ಯಾರದು ತಾನೇ ಬಿದ್ದಿಲ್ಲ? ಒಮ್ಮೆ ತ್ಯಾಮಗೊಂಡ್ಲು ಕಡೆ ಒಂದು ಮದುವೆಯಲ್ಲಿ ನನ್ನದೂ ಎದ್ದು, ಪುರೋಹಿತರ ಸಮೇತ ಹಸೆಮಣೆಯನ್ನು ಮುಚ್ಚಿಹಾಕಿತ್ತು. ಮುಹೂರ್ತ ಮೀರುತ್ತದೆಂದು ಅವರು ಒಳಗೇ ಮಂತ್ರ ಮುಂದುವರಿಸಿ, ಒಳಗೇ ತಾಳಿ ಕಟ್ಟಿಸಿದರು. ಹುಡುಗಿಯ ಅಪ್ಪ ನನ್ನನ್ನು ಬಾಯಿಗೆ ಬಂದಂತೆ ಬೈದು, ಕೊನೆಗೆ ಊಟ ಮಾಡಿಕೊಂಡು ಹೋಗು ಅಂದರು. ಶಾಮಿಯಾನ ಬಿದ್ದದ್ದಕ್ಕೆ ಶಿಕ್ಷೆ ಅಂದರೆ ಅಷ್ಟೇ ಇರಬೇಕು.

ರಾಯಭಾರ ಕಚೇರಿಯ ಹುಲ್ಲು

ಲೂಸಿಯಾ ತಮ್ಮನ ಗೋಡೌನಿನ ಬಾಗಿಲು ತೆಗೆದುಕೊಟ್ಟಳು. ಕಂಬಗಳನ್ನು ಅಳತೆಗೆ ತಕ್ಕಂತೆ ಜೋಡಿಸಿಟ್ಟಿದ್ದ, ಹಗ್ಗಗಳನ್ನು ಸುತ್ತಿ ನೇತುಹಾಕಿದ್ದ. ಶಾಮಿಯಾನದ ಬಟ್ಟೆಯನ್ನು ರೇಷ್ಮೆ ಸೀರೆಯ ಹಾಗೆ ಮಡಚಿಟ್ಟಿದ್ದ. ನೋಡಿದರೆ ಗೊತ್ತಾಗುತ್ತಿತ್ತು, ಇವನಿಗೆ ಕ್ರಾಂತಿ ಮಾಡುವಷ್ಟು ಪುರುಸೊತ್ತು ಇರಲಿಲ್ಲ.

ಎಲ್ಲವನ್ನೂ ಲಾರಿಗೆ ಹೇರಿಕೊಂಡು ರಾಯಭಾರ ಕಚೇರಿಗೆ ಹೋದೆವು. ಅಲ್ಲಿ ನಮ್ಮ ಉಸ್ತುವಾರಿಗೆ ಕೆವಿನ್ ಎನ್ನುವ ತರುಣ ಅಧಿಕಾರಿ ಸಿಕ್ಕ. ಒಳ್ಳೆಯ ಹುಡುಗ. ಯಾವ ಪ್ರಶ್ನೆ ಕೇಳಿದರೂ ಮೊದಲು ಹಿಂದೆ ತಿರುಗಿ ನೋಡಿ ಆಮೇಲೆ ಉತ್ತರ ಹೇಳುವ ಅಭ್ಯಾಸ ಅವನಿಗೆ.

ಅವನ ಬೇಡಿಕೆ ವಿಚಿತ್ರವಾಗಿತ್ತು. ಒಂದೇ ಶಾಮಿಯಾನ, ಆದರೆ ನಡುವೆ ಪರದೆ. ಪರದೆಯ ಈ ಕಡೆ ಜನರಲ್ ಮತ್ತು ಮಂತ್ರಿಗಳು, ಆ ಕಡೆ ಮೇಷ್ಟ್ರು ಮತ್ತು ಸಂಗಡಿಗರು. ಬಾಗಿಲು ಬೇರೆ ಬೇರೆ. ಒಬ್ಬರು ಬಂದಿರುವುದು ಇನ್ನೊಬ್ಬರಿಗೆ ಗೊತ್ತಿರಬೇಕು, ಕಾಣಬಾರದು. ರಾಯಭಾರಿಗಳು ಮಾತ್ರ ಪರದೆ ಸರಿಸಿ ಎರಡೂ ಕಡೆ ಓಡಾಡುತ್ತಾರೆ.

"ಪಾಲಾದ ಅಣ್ಣತಮ್ಮಂದಿರ ಮನೆ ಮದ್ವೆಗೆ ಹಿಂಗೇ ಹಾಕಿದ್ದೆ ಭಾವ," ಅಂದೆ. "ಊಟದ ಪಂಕ್ತಿನೂ ಬ್ಯಾರೆ."

ಕೆವಿನ್‌ಗೆ ಭಾವ ಅದನ್ನು ಇಂಗ್ಲಿಷಿನಲ್ಲಿ ಹೇಳಿದಾಗ ಅವನು ತುಂಬ ಆಸಕ್ತಿಯಿಂದ, ಆಮೇಲೆ ಅವರು ಒಂದಾದರಾ ಎಂದು ಕೇಳಿದ. ಇಲ್ಲ, ಈಗ ನನಗೆ ಎರಡು ಮನೆಯಿಂದಲೂ ಆರ್ಡರ್ ಬರುತ್ತದೆ ಎಂದೆ. ಅವನು ತಲೆಯಾಡಿಸಿ, ನಮ್ಮ ಧೋರಣೆಯೂ ಸರಿಸುಮಾರು ಅದೇ ಅಂದ.

ಮೊದಲ ಗೂಟವನ್ನೇ ಹೊಡೆದದ್ದು ನೀರಿನ ಪೈಪಿಗೆ. ಹುಲ್ಲಿನ ಅಡಿಯಿಂದ ಕಾರಂಜಿ ಎದ್ದಿತು, ಎಲ್ಲಿಂದಲೋ ಸೈರನ್ ಕೂಗಿತು, ಬಂದೂಕು ಹಿಡಿದವರು ಓಡಿಬಂದು ನನ್ನನ್ನು ಸುತ್ತುಗಟ್ಟಿದರು. ನಾನು ಎರಡೂ ಕೈ ಮೇಲೆತ್ತಿದೆ. ಒಂದು ಕೈಯಲ್ಲಿ ಸುತ್ತಿಗೆ ಇತ್ತು, ಅದು ಪರಿಸ್ಥಿತಿಯನ್ನು ಇನ್ನಷ್ಟು ಕೆಡಿಸಿತು. ಕೊನೆಗೆ ಗೂಟ ಬೇಡವೆಂದಾಯಿತು. ಡ್ರಮ್ಮುಗಳಿಗೆ ಮರಳು ತುಂಬಿ, ಕಂಬಗಳನ್ನು ಅದರಲ್ಲಿ ನಿಲ್ಲಿಸಿದೆವು.

ಲೂಸಿಯಾ ಮೇಜಿನ ಬಟ್ಟೆಗಳನ್ನು ತಂದವಳು ಕೆವಿನ್ ಮುಂದೆ ನಿಂತಳು. ಇದೇ ಗೇಟಿಗೆ ಬಂದು ತಮ್ಮನ ವಿಷಯವನ್ನು ಎಷ್ಟೋ ಸಲ ಹೇಳಿಕೊಂಡಿದ್ದಳಂತೆ. ನಿಮ್ಮ ಸಾಹೇಬರು ಜನರಲ್‌ಗೆ ಒಂದು ಮಾತು ಕೇಳಿದರೆ ಸಾಕು, ಮಾತೆಯೊ ಇದ್ದಾನೋ ಇಲ್ಲವೋ ಅಂತ, ಎಂದು ಮತ್ತೆ ಹೇಳಿದಳು. ಕೆವಿನ್ ಹಿಂದೆ ತಿರುಗಿ ನೋಡಿದ. ಆ ಪ್ರಕರಣದ ಬಗ್ಗೆ ನಾವು ಕಳವಳ ವ್ಯಕ್ತಪಡಿಸಿದ್ದೇವೆ ಎಂದ.

"ಕಳವಳ ಅಂದ್ರೆ ಏನ್ ಮಾಡ್ತಾರೆ ಸಾರ್?" ಎಂದು ಭಾವನ ಬಾಯಲ್ಲಿ ಕೇಳಿಸಿದೆ ನಾನು.

ಅವನು ಬೇಸರಿಸಿಕೊಳ್ಳದೆ ವಿವರಿಸಿದ. ಮೊದಲು ಗಮನಿಸುವುದು. ಅದು ದಾಟಿದರೆ ಕಳವಳ. ಅದಕ್ಕೂ ಮೇಲೆ ತೀವ್ರ ಕಳವಳ. ಅದಾದ ಮೇಲೆ ಗಾಢ ಕಳವಳ.

"ಗಾಢ ಆದ್ಮೇಲೆ?"

"ಅಷ್ಟರಲ್ಲಿ ಸಾಮಾನ್ಯವಾಗಿ ಸರ್ಕಾರ ಬದಲಾಗಿರುತ್ತದೆ. ಮತ್ತೆ ಗಮನಿಸುವುದರಿಂದ ಶುರು ಮಾಡುತ್ತೇವೆ."

ಅವನು ತಮಾಷೆ ಮಾಡುತ್ತಿರಲಿಲ್ಲ. ಲೂಸಿಯಾಗೂ ಅದು ಗೊತ್ತಾಯಿತು. ಬಟ್ಟೆಗಳನ್ನು ಮೇಜಿನ ಮೇಲಿಟ್ಟು, ಅಂಚು ನೇರ ಮಾಡುತ್ತಾ, ನನಗೆ ಮಾತ್ರ ಕೇಳುವ ಹಾಗೆ, "ಇವ್ರ ಫೈಲಲ್ಲಿ ಅವ್ನಿಗೆ ಒಂದ್ ನಂಬರ್ ಐತಂತೆ ಅಣ್ಣಾ. ಹೆಸ್ರಿಲ್ಲ," ಎಂದಳು.

ಪಾರ್ಟಿಯ ದಿನ

ಮಧ್ಯಾಹ್ನ ಮೊದಲು ಬಂದವರು ಜನರಲ್. ಫೋಟೋದಲ್ಲಿರುವ ಟೋಪಿ ತಲೆಯ ಮೇಲಿರಲಿಲ್ಲ. ಅದರ ಬದಲಿಗೆ ಕಬ್ಬಿಣದ ಹೆಲ್ಮೆಟ್ ಇತ್ತು. ಹುಟ್ಟುಹಬ್ಬದ ಮೇಲಿಂದ ಶಾಮಿಯಾನದ ಕೆಳಗೆ ಅವರು ಹಾಗೇ ಬರುವುದಂತೆ. ದೊರೆ ಹಾಕಿದ ಮೇಲೆ ಮಂತ್ರಿಗಳು ಬಿಟ್ಟಾರೆಯೇ? ಒಬ್ಬೊಬ್ಬರೂ ಸೂಟು ಬೂಟು ಹೆಲ್ಮೆಟ್ಟಿನಲ್ಲಿ ಬಂದು ಕುರ್ಚಿಯ ಮೇಲೆ ಕೂತರು. ಹಣಕಾಸು ಮಂತ್ರಿಗೆ ಅಳತೆಯದು ಸಿಗದೆ ಮೋಟರ್ ಸೈಕಲ್ಲಿನದನ್ನೇ ಹಾಕಿಕೊಂಡಿದ್ದರು. ಜ್ಯೂಸು ಕೊಡಲು ಹೋದ ಭಾವನಿಗೆ ಅವರ ಬಾಯಿ ಎಲ್ಲಿದೆಯೆಂದು ತಿಳಿಯಲಿಲ್ಲ.

ಪರದೆಯ ಆ ಕಡೆ ಮೇಷ್ಟ್ರು ಬಂದರು. ಅವರ ಸಂಗಡಿಗರು ಒಳಗೆ ಬಂದವರೇ ನಾನು ನಿಲ್ಲಿಸಿದ್ದ ಕಂಬಗಳನ್ನು ಮುಟ್ಟಿ ಕಣ್ಣಿಗೊತ್ತಿಕೊಳ್ಳುವುದೊಂದು ಬಾಕಿ. ಒಬ್ಬ ಹಗ್ಗವನ್ನು ಸವರಿ, "ಇದೇ ಟೆಂಟಾ?" ಎಂದು ಪಿಸುಗುಟ್ಟಿದನಂತೆ. ಇದೇ ಎಂದರು ಭಾವ. ಅವನ ಕಣ್ಣಲ್ಲಿ ನೀರು ಬಂತು. ಆ ಟೆಂಟಿನ ಯಜಮಾನ ಕೂಗಳತೆಯ ಕೋಟೆಯಲ್ಲಿ ಕೊಳೆಯುತ್ತಿದ್ದಾನೆ, ಅವನನ್ನು ಬಿಡಿಸುವ ಮಾತು ಮಾತ್ರ ಯಾರ ಬಾಯಲ್ಲೂ ಬರಲಿಲ್ಲ.

ರಾಯಭಾರಿಗಳು ವಯಸ್ಸಾದ ಸಜ್ಜನ. ಪರದೆಯ ಈ ಕಡೆ ನಿಂತು "ಸ್ಥಿರತೆಗೆ" ಎಂದು ಲೋಟ ಎತ್ತಿದರು, ಆ ಕಡೆ ಹೋಗಿ "ಬದಲಾವಣೆಗೆ" ಎಂದು ಎತ್ತಿದರು. ಮೂರು ನಾಲ್ಕು ಸಲ ಓಡಾಡುವಷ್ಟರಲ್ಲಿ ಗೊಂದಲವಾಗಿ, ಜನರಲ್ ಎದುರೇ "ಬದಲಾವಣೆಗೆ" ಅಂದುಬಿಟ್ಟರು. ಹೆಲ್ಮೆಟ್ಟುಗಳೆಲ್ಲ ಒಟ್ಟಿಗೆ ಮೇಲಕ್ಕೆದ್ದವು. "ಹವಾಮಾನದ ಬದಲಾವಣೆಗೆ" ಎಂದು ಕೆವಿನ್ ತಿದ್ದಿದ. ಹೆಲ್ಮೆಟ್ಟುಗಳು ಕೆಳಗಿಳಿದವು.

ಆಮೇಲೆ ಭಾಷಣ. ಮೈಕು ಪರದೆಯ ಸಂದಿಯಲ್ಲಿ, ಟಿವಿಯವರ ಕ್ಯಾಮೆರಾ ಎರಡೂ ಕಡೆ. ಕೆವಿನ್ ಒಂದೊಂದೇ ಹಾಳೆ ಮುಂದೆ ಇಡುತ್ತಿದ್ದ, ರಾಯಭಾರಿಗಳು ಓದುತ್ತಿದ್ದರು. ನಾನು ಹಿಂದೆ ಕಂಬಕ್ಕೆ ಒರಗಿ ನಿಂತು, ಭಾಷಣ ಮುಗಿಯುವ ಧಾಟಿಗೆ ಬಂತೆಂದು ಗೊತ್ತಾದಾಗ ಭಾವನನ್ನು ಕೇಳಿದೆ: "ವಂದನಾರ್ಪಣೆ ಯಾರ್ದು ಭಾವ?"

"ಇಲ್ಲಿ ಅದೆಲ್ಲ ಇಲ್ಲ ಕಣ್ಲಾ."

"ಇಲ್ಲಾ ಅಂದ್ರೆ? ಶಾಮಿಯಾನದೋರ್ಗೆ, ಮೈಕ್‌ನೋರ್ಗೆ ಒಂದ್ ಥ್ಯಾಂಕ್ಸ್ ಹೇಳ್ದೆ ಫಂಕ್ಷನ್ ಮುಗಿಸ್ಬುಡೋದಾ?"

ನಮ್ಮ ಕಡೆ ಎಂಥ ಸಣ್ಣ ಕಾರ್ಯಕ್ರಮವಾದರೂ ಕೊನೆಗೆ ಒಬ್ಬರು ಎದ್ದು, ಶಾಮಿಯಾನ ಹಾಗೂ ಧ್ವನಿವರ್ಧಕದ ವ್ಯವಸ್ಥೆ ಮಾಡಿಕೊಟ್ಟ ಇಂಥವರಿಗೆ ಹೃತ್ಪೂರ್ವಕ ವಂದನೆಗಳು ಎಂದು ಹೇಳಿಯೇ ತೀರುತ್ತಾರೆ. ಆ ಹೊತ್ತಿಗೆ ಜನ ಊಟದ ಸಾಲಿನಲ್ಲಿ ನಿಂತಿರುತ್ತಾರೆ, ಒಬ್ಬರೂ ಕೇಳಿಸಿಕೊಳ್ಳುವುದಿಲ್ಲ. ಆದರೂ ಹೇಳಬೇಕು. ಹೇಳದೆ ಮರೆತರೆ ವೇದಿಕೆಗೆ ಚೀಟಿ ಕಳಿಸುವ ಪದ್ಧತಿಯೂ ಇದೆ.

"ಚೀಟಿ ಕಳ್ಸನಾ ಭಾವ?"

"ಕಳ್ಸು, ಏನ್ ತಲೆ ತೆಗೀತಾರಾ? ನಿನ್ ಹೆಸ್ರು ಬರಿ."

"ನಂದ್ಯಾಕೆ? ಬಟ್ಟೆ ನಂದಲ್ಲ, ಕಂಬ ನಂದಲ್ಲ. ನಾನು ಕಟ್ಟಕ್ಕೆ ಬಂದೋನು. ಹೇಳೋದಾದ್ರೆ ಮಾಲೀಕನ ಹೆಸ್ರು ಹೇಳ್ಬೇಕು."

ಇದರಲ್ಲಿ ಬೇರೆ ಯೋಚನೆ ನನಗಿರಲಿಲ್ಲ, ದೇವರಾಣೆ. ಪಕ್ಕದಲ್ಲಿ ತಟ್ಟೆ ಎತ್ತುತ್ತಿದ್ದ ಲೂಸಿಯಾಗೆ ಚೀಟಿಯನ್ನೂ ಪೆನ್ನನ್ನೂ ಕೊಟ್ಟು, "ನಿಮ್ ತಮ್ಮನ ಹೆಸ್ರು ಬರ್ಕೊಡಮ್ಮ, ಟೆಂಟಿಗೆ ಥ್ಯಾಂಕ್ಸ್ ಅಂತ" ಅಂದೆ. ಅವಳು ನನ್ನ ಮುಖವನ್ನೇ ನೋಡಿದಳು. ತಟ್ಟೆಯನ್ನು ಕೆಳಗಿಟ್ಟು, ಸೆರಗಿಗೆ ಕೈ ಒರೆಸುವವರ ಹಾಗೆ ಲಂಗಕ್ಕೆ ಕೈ ಒರೆಸಿಕೊಂಡು, ನಿಧಾನವಾಗಿ, ತಮ್ಮನ ಹೆಸರು, ಅಪ್ಪನ ಹೆಸರು, ಹುಟ್ಟಿದ ಊರು, ಎಲ್ಲವನ್ನೂ ಬರೆದಳು. ನಾನು ಬರೀ ಹೆಸರು ಕೇಳಿದ್ದೆ.

ಚೀಟಿ ಕೆವಿನ್ ಕೈಗೆ ಹೋಯಿತು. ಅವನಿಗೆ ಮಾತೆಯೊನ ನಂಬರು ನೆನಪಿತ್ತು, ಎಷ್ಟು ಸಲ ಕೇಳಿದ್ದರೂ ಹೆಸರು ತಲೆಯಲ್ಲಿ ಉಳಿದಿರಲಿಲ್ಲ. ಟೆಂಟಿಗೆ ಥ್ಯಾಂಕ್ಸ್ ಎನ್ನುವ ಒಣ ಮಾತು ಸಾಹೇಬರ ಬಾಯಲ್ಲಿ ಚೆನ್ನಾಗಿರುವುದಿಲ್ಲವೆಂದು, ಪಾಪ, ತನ್ನ ಕೈಲಾದಷ್ಟು ತಿದ್ದಿ ಚಂದ ಮಾಡಿ ಮುಂದೆ ಇಟ್ಟ. ರಾಯಭಾರಿಗಳು ಓದಿದರು:

"ಕೊನೆಯದಾಗಿ, ನಮ್ಮೆಲ್ಲರನ್ನೂ ಒಂದೇ ಸೂರಿನಡಿ ತಂದ ಮಾತೆಯೊ ಅವರಿಗೆ ನನ್ನ ದೇಶ ಋಣಿಯಾಗಿದೆ." ಅಪ್ಪನ ಹೆಸರು, ಊರಿನ ಹೆಸರು, ಎಲ್ಲ ಓದಿದರು.

ನಾನೊಬ್ಬನೇ ಚಪ್ಪಾಳೆ ಹೊಡೆದೆ.

ಪರದೆಯ ಈ ಕಡೆ ಜನರಲ್ ಹೆಲ್ಮೆಟ್ ತೆಗೆದರು. ಆ ಕಡೆ ಮೇಷ್ಟ್ರು ಕನ್ನಡಕ ತೆಗೆದರು. ಇಬ್ಬರೂ ಪರದೆಯ ಕಡೆ ತಿರುಗಿದರು, ಮೊದಲ ಬಾರಿಗೆ ಒಬ್ಬರನ್ನೊಬ್ಬರು ನೋಡಬೇಕೆನ್ನಿಸಿದವರ ಹಾಗೆ.

ಮಾರನೆಯ ಬೆಳಿಗ್ಗೆ

ಕೆವಿನ್ ಕ್ಯಾಂಟೀನಿಗೆ ಓಡಿಬಂದ. ಶರಟಿನ ಗುಂಡಿ ತಪ್ಪಿತಪ್ಪಿ ಹಾಕಿದ್ದ.

"ಯಾರು ಈ ಮಾತೆಯೊ?" ಎಂದ.

"ಟೆಂಟಿನ ಮಾಲೀಕರು ಸಾರ್."

"ಅದು ಗೊತ್ತು. ನಿಜವಾಗಿ ಯಾರು?"

"ನಿಜವಾಗೂ ಅಷ್ಟೇ ಸಾರ್."

ಅವನು ಬೆಂಚಿನ ಮೇಲೆ ಕುಸಿದು ಕೂತ. ಅವನು ಹೇಳಿದ್ದನ್ನು ಭಾವ ಬಿಡಿಸಿ ಹೇಳಿದರು. ಸುದ್ದಿ ಟಿವಿಯಲ್ಲಿ ದೊಡ್ಡಮನೆಯ ರಾಜಧಾನಿಗೆ ಮುಟ್ಟಿತ್ತು. ಇದು ನಮ್ಮ ಹೊಸ ಧೋರಣೆಯೇ ಎಂದು ಅಲ್ಲಿಂದ ಕೇಳಿದರು. ಟೆಂಟಿಗೆ ವಂದನೆ ಹೇಳಿದೆ ಎಂದು ರಾಯಭಾರಿಗಳು ಹೇಗೆ ಹೇಳಿಯಾರು? ಸೂಕ್ಷ್ಮ ವಿಚಾರ, ಈಗಲೇ ಹೆಚ್ಚು ಹೇಳಲಾಗದು ಎಂದರು. ಇವರಿಗೆ ಏನೋ ಗೊತ್ತಿದೆ ಎಂದುಕೊಂಡ ರಾಜಧಾನಿಯವರು, ಮಾತೆಯೊ ಅವರ ಭವಿಷ್ಯದ ಬಗ್ಗೆ ನಮಗೆ ಅಪಾರ ಭರವಸೆ ಇದೆ ಎಂದು ಹೇಳಿಕೆ ಕೊಟ್ಟುಬಿಟ್ಟರು. ಅದನ್ನು ಕೇಳಿ ರಾಯಭಾರಿಗಳು, ಓ, ರಾಜಧಾನಿಯವರಿಗೆ ಏನೋ ಗೊತ್ತಿದೆ ಎಂದುಕೊಂಡರು.

ಅರಮನೆಯಲ್ಲಿ ಜನರಲ್ ನಿದ್ದೆ ಬಿಟ್ಟಿದ್ದರು. ತನ್ನ ಕುರ್ಚಿಗೆ ದೊಡ್ಡಮನೆ ಹೊಸಬನನ್ನು ನೋಡಿಕೊಂಡಿದೆ, ಆ ಹೊಸಬ ತನ್ನದೇ ಕೋಟೆಯಲ್ಲಿ ಚಾಪೆ ಇಲ್ಲದೆ ಮಲಗಿದ್ದಾನೆ. ಗುಡ್ಡದಲ್ಲಿ ಮೇಷ್ಟ್ರ ರೇಡಿಯೋ, ಮಾತೆಯೊ ನಮ್ಮ ವೀರ ಎನ್ನುವುದನ್ನು ನಿಲ್ಲಿಸಿ ಬೆಳಗಿನಿಂದ ಬರೀ ಸಂಗೀತ ಹಾಕುತ್ತಿತ್ತು.

"ದಯವಿಟ್ಟು ಟೆಂಟಿನ ವಿಷಯ ಯಾರಿಗೂ ಹೇಳಬೇಡಿ," ಎಂದು ಕೆವಿನ್ ಕೈಮುಗಿದ. ಅವನಿಗೆ ಕೈಮುಗಿಯುವುದನ್ನು ಯಾರು ಕಲಿಸಿದರೋ.

ಅವನು ಹೋದ ಮೇಲೆ ಅಕ್ಕ ಸೌಟು ಹಿಡಿದುಕೊಂಡೇ ಒಲೆಯ ಹತ್ತಿರದಿಂದ ಬಂದಳು. "ಲೋ ಮುನಿರಾಜ, ಆ ಹುಡ್ಗ ಹೊರಕ್ ಬರೋಗಂಟ ಶಾಮಿಯಾನ ಅನ್ನೋ ಮಾತು ನಿನ್ ಬಾಯಲ್ಲಿ ಬರಕೂಡ್ದು. ನಿಜ ಗೊತ್ತಾದ್ರೆ ಅವ್ನನ್ನ ಮತ್ತೆ ಮರ್ತೋಯ್ತಾರೆ."

ಅಷ್ಟರಲ್ಲಿ ಲೂಸಿಯಾ ಬಂದಳು. ಅವತ್ತು ಕೋಟೆಯ ಬಾಗಿಲಲ್ಲಿ ಕಾವಲಿನವನು ಮೊದಲ ಸಲ ನಾಳೆ ಬಾ ಅಂದಿರಲಿಲ್ಲ. ಎದ್ದು ನಿಂತು, ಕುರ್ಚಿ ಕೊಟ್ಟು, "ಇದ್ದಾರಮ್ಮಾ, ಕ್ಷೇಮವಾಗಿದ್ದಾರೆ" ಅಂದಿದ್ದ. ಅದನ್ನು ನಮಗೆ ಹೇಳಿ, ಇಸ್ತ್ರಿ ಮೇಜಿನ ಹಿಂದೆ ಹೋಗಿ ಮುಖ ಮುಚ್ಚಿಕೊಂಡು ಅತ್ತಳು.

ನನಗೋ ಬಾಯಿ ಕಟ್ಟಿಕೊಂಡು ಇರುವುದು ಹುಟ್ಟಿನಿಂದ ಬಂದದ್ದಲ್ಲ. ಅಷ್ಟು ಹೊತ್ತಿಗೆ ಪತ್ರಿಕೆಯವರು ಬಂದು, ಮಾತೆಯೊ ಬಗ್ಗೆ ಭಾರತದ ನಿಲುವೇನು ಎಂದು ನನ್ನನ್ನೇ ಕೇಳಿದರು. ನಿಲುವು ನನ್ನ ನಾಲಿಗೆಯ ತುದಿಗೇ ಬಂದಿತ್ತು. ಅಕ್ಕ ಒಲೆಯ ಕಡೆಯಿಂದ ನೋಡುತ್ತಿದ್ದಳು. "ಮೆಚ್ಚಿಕೊಂಡಿದ್ದೇವೆ" ಎಂದು ಮಾತ್ರ ಹೇಳಿ, ಈರುಳ್ಳಿ ಹೆಚ್ಚುವುದಕ್ಕೆ ಕೂತೆ. ಗೋಡೌನಿನಲ್ಲಿ ಅವನು ಹಗ್ಗ ಸುತ್ತಿಟ್ಟಿದ್ದ ರೀತಿ ನೋಡಿ ಮೆಚ್ಚಿದ್ದಂತೂ ಸುಳ್ಳಲ್ಲ.

ಮತ್ತೆ ಕ್ಯಾಂಟೀನು

ಮಧ್ಯಾಹ್ನದ ಊಟದ ಹೊತ್ತಿಗೆ ಜನರಲ್ ಸವಾರಿಯ ಕಪ್ಪು ಕಾರು ಬಂದು ಕ್ಯಾಂಟೀನಿನ ಮುಂದೆ ನಿಂತಿತು. ಹಣಕಾಸು ಮಂತ್ರಿಗಳು ಇಳಿದು ಬಾಗಿಲು ತೆರೆದು ಹಿಡಿದರು. ಒಳಗಿನಿಂದ ಮಾತೆಯೊ ಇಳಿದ. ಯಾರದೋ ಹೊಸ ಸೂಟು ಹಾಕಿಸಿದ್ದರು, ಅದರೊಳಗೆ ಅವನು ಎಲ್ಲಿದ್ದಾನೆಂದು ಹುಡುಕಬೇಕಿತ್ತು. ಕಾಲಲ್ಲಿ ಚಪ್ಪಲಿ ಇರಲಿಲ್ಲ. ಬೆಳಕಿಗೆ ಕಣ್ಣು ಕಿರಿದು ಮಾಡಿಕೊಂಡು, ತನ್ನನ್ನು ಯಾಕೆ ಬಿಟ್ಟರೆಂಬುದೂ ಗೊತ್ತಿಲ್ಲದೆ, ಮತ್ತೆ ಹಿಡಿದಾರೆಂಬ ಹೆದರಿಕೆಯಲ್ಲೇ ನಿಂತ.

ಲೂಸಿಯಾ ಕಿರುಚಲಿಲ್ಲ, ಓಡಲಿಲ್ಲ. ಹೋಗಿ ಅವನ ಎರಡೂ ಕೈ ಹಿಡಿದು ತಿರುಗಿಸಿ ಬೆರಳುಗಳನ್ನು ನೋಡಿದಳು. ಕಿವಿಯ ಹಿಂದೆ ನೋಡಿದಳು. ಒಳಗೆ ಕರೆದುಕೊಂಡು ಬಂದು ಬೆಂಚಿನ ಮೇಲೆ ಕೂರಿಸಿದಳು. ಅಕ್ಕ ತಟ್ಟೆ ಇಟ್ಟು ಬಿಸಿ ಅನ್ನ, ಹುರುಳಿ ಸಾರು ಬಡಿಸಿದಳು. ಅವನು ಮೊದಲ ತುತ್ತನ್ನು ಬಾಯಲ್ಲಿಟ್ಟುಕೊಂಡು ತುಂಬ ಹೊತ್ತು ಹಾಗೇ ಇದ್ದ.

ಅಷ್ಟರಲ್ಲಿ ಬಾಗಿಲಲ್ಲಿ ಜನ. ಮಂತ್ರಿಗಳು ಹೆಲ್ಮೆಟ್ಟನ್ನು ಕಂಕುಳಲ್ಲಿ ಇಟ್ಟುಕೊಂಡು ನಿಂತಿದ್ದರು: ಮುಂದೆ ನೀವು ದೊರೆಯಾದಾಗ ತನ್ನನ್ನು ಮರೆಯಬಾರದೆಂದು ಜನರಲ್ ಕೇಳಿಕೊಂಡಿದ್ದಾರೆ. ಅವರ ಪಕ್ಕದಲ್ಲೇ ಮೇಷ್ಟ್ರ ಕಡೆಯವನೊಬ್ಬ ಹೂಗುಚ್ಛ ಹಿಡಿದಿದ್ದ: ಕ್ರಾಂತಿ ಇನ್ನು ನಿಮ್ಮದೇ ಎಂದು ಮೇಷ್ಟ್ರು ಹೇಳಿ ಕಳಿಸಿದ್ದಾರೆ. ಪರದೆಯೂ ಇಲ್ಲದೆ ಇಬ್ಬರೂ ಭುಜಕ್ಕೆ ಭುಜ ತಾಗಿಸಿ ನಿಂತಿದ್ದರು. ಅವರ ಹಿಂದಿನಿಂದ ಕೆವಿನ್ ತೂರಿಕೊಂಡು ಬಂದ. ರಾಜಧಾನಿಯವರು ಕಾಯುತ್ತಿದ್ದಾರೆ, ಇವರು ಯಾರ ಪರ ಎಂಬುದನ್ನು ಈ ಕ್ಷಣವೇ ತಿಳಿಸಬೇಕು ಎಂದ.

ಮಾತೆಯೊ ತುತ್ತು ಹಿಡಿದ ಕೈ ಅಲ್ಲೇ ನಿಂತಿತು. ಎಲ್ಲರೂ ಅವನ ಬಾಯನ್ನೇ ನೋಡುತ್ತಿದ್ದರು. ಅವನು ತುತ್ತನ್ನು ತಟ್ಟೆಗೆ ಹಾಕಿ ಏಳುವುದಕ್ಕೆ ಹೋದ.

ಲೂಸಿಯಾ ಎದ್ದು ಬಾಗಿಲಿಗೆ ಹೋದಳು. ತನ್ನ ಭಾಷೆಯಲ್ಲೂ ಅಲ್ಲ, ಇಂಗ್ಲಿಷಿನಲ್ಲೂ ಅಲ್ಲ, ಸಿಟ್ಟಿಗೆ ಬಾಯಿಗೆ ಬಂದ ನಮ್ಮಕ್ಕನ ಭಾಷೆಯಲ್ಲಿ ಹೇಳಿದಳು:

"ಉಣ್ತಾವ್ನೆ. ಆಮ್ಯಾಕ್ ಬನ್ನಿ."

ಮೂವರಲ್ಲಿ ಯಾರಿಗೂ ಕನ್ನಡ ಬರುತ್ತಿರಲಿಲ್ಲ. ಮೂವರೂ ಎರಡು ಹೆಜ್ಜೆ ಹಿಂದೆ ಸರಿದರು. ಅವಳು ಷಟರನ್ನು ಅರ್ಧಕ್ಕೆ ಎಳೆದಳು. ಬಿಸಿಲಲ್ಲಿ ಸಾಲಾಗಿ ಕಾಯುತ್ತಾ ನಿಂತಿದ್ದ ಅವರ ಬೂಟುಗಳು ಕೆಳಗಿನ ಸಂದಿಯಲ್ಲಿ ಕಾಣುತ್ತಿದ್ದವು. ಒಳಗೆ ಮಾತೆಯೊ ತಟ್ಟೆಯನ್ನು ಅಕ್ಕನ ಕಡೆ ಚಾಚಿ ಇನ್ನೊಂದು ಸೌಟು ಹಾಕಿಸಿಕೊಂಡ.